ನಿಮಗಿದು ಗೊತ್ತೇ? – ಕಟೌಟ್ ಇಲ್ಲದ ಕಲಾವಿದರು

ಅತ್ಯುತ್ತಮ ನಟ ರಾಷ್ಟ್ರಪ್ರಶಸ್ತಿಯನ್ನು ಕನ್ನಡ ಚಿತ್ರಕ್ಕೆ ತಂದುಕೊಟ್ಟ ಮೊದಲ ಮೂವರಲ್ಲಿ ಒಬ್ಬರೂ ಜನ ಕಟೌಟ್ ನಿಲ್ಲಿಸಿ ಹಾಲೆರೆದ ನಾಯಕರಲ್ಲ, ಗೊತ್ತೇ? 1975ರ ‘ಚೋಮನ ದುಡಿ’ಗೆ ಎಂ.ವಿ. ವಾಸುದೇವರಾವ್, 1986ರ ‘ತಬರನ ಕಥೆ’ಗೆ ಚಾರುಹಾಸನ್, 2014ರ ‘ನಾನು ಅವನಲ್ಲ ಅವಳು’ ಚಿತ್ರಕ್ಕೆ ಸಂಚಾರಿ ವಿಜಯ್. ಮೂರೂ ಕಡಿಮೆ ದುಡ್ಡಿನ ಚಿತ್ರಗಳು. ನಮ್ಮ ವಿಜಯಪುರ ಜಿಲ್ಲೆಯ ಇಂಡಿ, ಸಿಂದಗಿಯ ಟಾಕೀಸಿಗೆ ಇಂಥವು ಬಂದು ವಾರಗಟ್ಟಲೆ ನಿಲ್ಲುವುದು ಅಪರೂಪ. ಹಾಗಾಗಿ ಈ ಸಲದ ಅಂಕಣ ಇಂಥ ಪ್ರಯೋಗದ ಚಿತ್ರಗಳನ್ನೇ ನೆಚ್ಚಿ ನಟಿಸಿದವರಿಗೆ ಮೀಸಲು.

ನಟಿಯರ ಲೆಕ್ಕ ತೆಗೆದರೂ ಕಥೆ ಬೇರೆಯಲ್ಲ. ‘ಕಾಡು’ (1973) ಚಿತ್ರಕ್ಕೆ ನಂದಿನಿ ಭಕ್ತವತ್ಸಲ, ‘ಹಸೀನಾ’ (2004) ಚಿತ್ರಕ್ಕೆ ತಾರಾ, ‘ಗುಲಾಬಿ ಟಾಕೀಸ್’ (2008) ಚಿತ್ರಕ್ಕೆ ಉಮಾಶ್ರೀ. ‘ಹಸೀನಾ’ದ ಮೂಲಕಥೆ ಬಾನು ಮುಷ್ತಾಕ್ ಅವರ ‘ಕರಿನಾಗರಗಳು’. 2025ರಲ್ಲಿ ಅಂತರರಾಷ್ಟ್ರೀಯ ಬೂಕರ್ ಪ್ರಶಸ್ತಿ ಪಡೆದದ್ದು ಇದೇ ಬಾನು ಮುಷ್ತಾಕ್. ಅವರ ಕಥೆಗೆ ಗಿರೀಶ ಕಾಸರವಳ್ಳಿ ತೆರೆಯ ರೂಪ ಕೊಟ್ಟು ಆಗಲೇ ಇಪ್ಪತ್ತು ವರ್ಷ ಕಳೆದಿತ್ತು.

ಚಾರುಹಾಸನ್ ವಕೀಲರಾಗಿದ್ದವರು, ಕಮಲ್ ಹಾಸನ್ ಅವರ ಅಣ್ಣ. ಮನೆಮಾತು ತಮಿಳು. ಪಿಂಚಣಿಗಾಗಿ ಕಚೇರಿಯಿಂದ ಕಚೇರಿಗೆ ಅಲೆಯುವ ತಬರನಾಗಿ ಅವರು ನಿಂತ ರೀತಿ ನೋಡಿದವರಿಗೆ ಆ ಮನುಷ್ಯ ನಮ್ಮೂರಿನವನಲ್ಲ ಎಂದು ಒಮ್ಮೆಯೂ ಅನಿಸುವುದಿಲ್ಲ. ಕಥೆ ಪೂರ್ಣಚಂದ್ರ ತೇಜಸ್ವಿಯವರದು.

ಚೋಮನಾಗಿದ್ದ ವಾಸುದೇವರಾವ್ ರಂಗಭೂಮಿಯಿಂದ ಬಂದವರು. ಅವರನ್ನು ನಿರ್ದೇಶಿಸಿದ ಬಿ.ವಿ. ಕಾರಂತರು ಚಿಕ್ಕಂದಿನಲ್ಲೇ ಗುಬ್ಬಿ ಕಂಪನಿ ಸೇರಿದವರು. ಸ್ವಂತ ತುಂಡು ಹೊಲ ಉಳಬೇಕೆಂಬ ಆಸೆ, ಅದು ಸಿಗದ ಸಿಟ್ಟು, ಮಕ್ಕಳನ್ನು ಕಳೆದುಕೊಂಡ ಸಂಕಟ, ಇಷ್ಟನ್ನೂ ಚೋಮ ದುಡಿಯ ಮೇಲೆ ಬಡಿದು ಹೇಳುತ್ತಾನೆ. ಮಾತು ಕಡಿಮೆ, ಕೈ ಬೆರಳುಗಳೇ ಹೆಚ್ಚು. ಚಿತ್ರಕ್ಕೆ ಅತ್ಯುತ್ತಮ ಚಿತ್ರದ ಸ್ವರ್ಣಕಮಲ ಬಂತು. ಎರಡೇ ವರ್ಷದಲ್ಲಿ ಮೃಣಾಲ್ ಸೇನ್ ತಮ್ಮ ತೆಲುಗು ಚಿತ್ರ ‘ಒಕ ಊರಿ ಕಥ’ಕ್ಕೆ ಇದೇ ವಾಸುದೇವರಾಯರನ್ನು ಕರೆದರು. ಪ್ರೇಮಚಂದರ ‘ಕಫನ್’ ಕಥೆ. ಬಂಗಾಳದ ನಿರ್ದೇಶಕ, ಹಿಂದಿಯ ಕಥೆ, ತೆಲುಗು ಮಾತು, ಕನ್ನಡದ ನಟ. ಸೇನ್ ಆರಿಸಿದ್ದು ಆ ಮುಖವನ್ನು. ಅದು ಯಾವ ಭಾಷೆಯ ಮುಖ ಎಂಬುದು ಅವರಿಗೆ ಅಡ್ಡಿಯಾಗಲಿಲ್ಲ.

ಇನ್ನು ನಮ್ಮ ಕಡೆಯ ಒಬ್ಬರ ಬಗ್ಗೆ ನಿಧಾನವಾಗಿ ಹೇಳಬೇಕು.

ವೈಜನಾಥ ಬಿರಾದಾರ ಎಂದರೆ ಸಿಂದಗಿಯಲ್ಲಿ ಯಾರನ್ನು ಕೇಳಿದರೂ ‘ಆ ಕುಡುಕನ ಪಾರ್ಟ್ ಮಾಡ್ತಾರಲ್ರೀ’ ಎನ್ನುತ್ತಾರೆ. ಬೀದರ ಜಿಲ್ಲೆಯವರು. ನೂರಾರು ಚಿತ್ರಗಳಲ್ಲಿ ಕುಡುಕ, ಭಿಕ್ಷುಕ, ಹೊಡೆತ ತಿನ್ನುವ ಬಡವ. ಎರಡು ನಿಮಿಷ ಬಂದು ನಗಿಸಿ ಹೋಗುವ ಪಾತ್ರಗಳು. ಆದರೆ ಅವರು ಸಿನಿಮಾಕ್ಕೆ ಕಾಲಿಟ್ಟದ್ದು ಎಂ.ಎಸ್. ಸತ್ಯು ಅವರ ‘ಬರ’ ಚಿತ್ರದ ಮೂಲಕ ಎಂಬುದು ಎಷ್ಟು ಜನರಿಗೆ ಗೊತ್ತು? ಯು.ಆರ್. ಅನಂತಮೂರ್ತಿ ಅವರ ಕಥೆ ಆಧರಿಸಿ, ಬರಗಾಲದ ಜಿಲ್ಲೆಯೊಂದರ ರಾಜಕಾರಣವನ್ನು ತೋರಿಸಿದ ಚಿತ್ರ ಅದು. ಪ್ರಯೋಗದ ಸಿನಿಮಾದ ಬಾಗಿಲಿನಿಂದಲೇ ಒಳಗೆ ಬಂದ ಕಲಾವಿದನನ್ನು ಚಿತ್ರರಂಗ ಆಮೇಲೆ ಮೂಲೆಯಲ್ಲಿ ಕೂರಿಸಿ ಸೀಸೆ ಕೊಟ್ಟಿತು.

2010ರಲ್ಲಿ ಆ ಬಾಗಿಲು ಮತ್ತೆ ತೆರೆಯಿತು. ಅಮರೇಶ ನುಗಡೋಣಿ ಅವರ ‘ಸವಾರಿ’ ಕಥೆ ಆಧರಿಸಿ ಗಿರೀಶ ಕಾಸರವಳ್ಳಿ ‘ಕನಸೆಂಬೋ ಕುದುರೆಯನೇರಿ’ ಮಾಡಿದಾಗ ಇರ್ಯಾನ ಪಾತ್ರಕ್ಕೆ ಬಿರಾದಾರರನ್ನು ಆರಿಸಿದರು. ಹೆಂಡತಿ ರುದ್ರಿಯಾಗಿ ಉಮಾಶ್ರೀ. ಇರ್ಯಾ ಊರಿಗೆ ಕುಣಿ ತೋಡುವವನು. ಅವನ ಕನಸಿನಲ್ಲಿ ಸಿದ್ಧ ಬಂದನೆಂದರೆ ಊರಲ್ಲಿ ಯಾರೋ ತೀರಿಕೊಂಡರೆಂದೇ ಅರ್ಥ. ಯಾರೂ ಹೇಳಿಕಳಿಸುವ ಮೊದಲೇ ಅವನು ಸಜ್ಜಾಗಿ ಹೊರಡುತ್ತಾನೆ. ಒಂದು ದಿನ ಕನಸು ಬೀಳುತ್ತದೆ. ವಾಡೆಯಲ್ಲಿ ಗೌಡರು ಹಾಸಿಗೆ ಹಿಡಿದದ್ದು ಊರಿಗೆಲ್ಲ ಗೊತ್ತು. ಇರ್ಯಾ ಹೋಗಿ ಕೇಳಿದರೆ ಅಂಥದ್ದೇನೂ ಆಗಿಲ್ಲ ಎನ್ನುತ್ತಾರೆ. ಮನೆಯವರು ತಮ್ಮ ಲೆಕ್ಕಾಚಾರಕ್ಕಾಗಿ ಸಾವನ್ನು ಮುಚ್ಚಿಟ್ಟಿದ್ದಾರೆ. ಅದು ಇರ್ಯಾನಿಗೆ ತಿಳಿಯದು. ಕನಸೇ ಸುಳ್ಳಾಯಿತೆಂದು ಅವನು ಕುಸಿಯುತ್ತಾನೆ.

ನಟನ ಕಷ್ಟ ಇರುವುದು ಇಲ್ಲೇ. ಚಿತ್ರ ಇದೇ ಘಟನೆಗಳನ್ನು ಎರಡು ಸಲ ಹೇಳುತ್ತದೆ. ಮೊದಲು ಇರ್ಯಾನ ಕಣ್ಣಿನಿಂದ, ಆಮೇಲೆ ವಾಡೆಯ ಒಳಗಿನಿಂದ. ಮೊದಲ ಸಲ ನೋಡುವಾಗ ನಮಗೂ ಅವನಷ್ಟೇ ಗೊತ್ತು. ಎರಡನೇ ಸಲ ಎಲ್ಲ ಗೊತ್ತಿದ್ದು ಅವನನ್ನು ನೋಡುತ್ತೇವೆ. ಮುಖದ ಮೇಲೆ ಒಂದೆಳೆ ಹೆಚ್ಚಾದರೂ ಗುಟ್ಟು ರಟ್ಟಾಗುತ್ತದೆ, ಒಂದೆಳೆ ಕಡಿಮೆಯಾದರೆ ದುಃಖ ತಟ್ಟುವುದಿಲ್ಲ. ಹಾಸ್ಯದ ಪಾತ್ರಗಳಲ್ಲಿ ಬಿರಾದಾರ ಕಲಿತ ತಾಳ, ಅಂದರೆ ಎಲ್ಲಿ ತಡೆಯಬೇಕು, ಎಲ್ಲಿ ಬಿಡಬೇಕು ಎಂಬ ಅಳತೆ, ಇಲ್ಲಿ ನಗು ತರಿಸದೆ ಗಂಟಲು ಕಟ್ಟಿಸುತ್ತದೆ. ಕಾಯಲು ಕುಳಿತಾಗ ಆ ಬೆನ್ನು ಬಾಗುವ ರೀತಿಯನ್ನು ಯಾವ ತರಬೇತಿ ಶಾಲೆಯೂ ಕಲಿಸಲಾರದೆಂದು ನನ್ನ ನಂಬಿಕೆ.

ಆ ಚಿತ್ರಕ್ಕೆ ಕನ್ನಡದ ಅತ್ಯುತ್ತಮ ಚಿತ್ರ ಮತ್ತು ಚಿತ್ರಕಥೆಯ ರಾಷ್ಟ್ರಪ್ರಶಸ್ತಿಗಳು ಬಂದವು. 2011ರಲ್ಲಿ ಸ್ಪೇನಿನ ಇಮ್ಯಾಜಿನ್ ಇಂಡಿಯಾ ಚಿತ್ರೋತ್ಸವ ಬಿರಾದಾರರಿಗೆ ಅತ್ಯುತ್ತಮ ನಟ ಪ್ರಶಸ್ತಿ ಕೊಟ್ಟಿತು. ಬೀದರದ ಕಲಾವಿದನೊಬ್ಬ ಮ್ಯಾಡ್ರಿಡ್‌ನಲ್ಲಿ ಗೆದ್ದ ಆ ಸುದ್ದಿಗೆ ಇಲ್ಲಿ ಊರೂರಲ್ಲಿ ಬ್ಯಾನರ್ ಕಟ್ಟಬೇಕಿತ್ತು. 2023ರಲ್ಲಿ ಬಂದ ‘90 ಹೊಡಿ ಮನೀಗ್ ನಡಿ’ ಅವರ 500ನೇ ಚಿತ್ರವೆಂದು ಪ್ರಚಾರವಾಯಿತು. ಅದರಲ್ಲಿ ಅವರೇ ನಾಯಕ. ಐನೂರು ಚಿತ್ರಗಳ ಬದುಕಿನಲ್ಲಿ ಇರ್ಯಾನಂಥ ಪಾತ್ರ ಸಿಕ್ಕಿದ್ದು ಒಂದೇ ಒಂದು. ಇದನ್ನು ನೆನೆದಾಗಲೆಲ್ಲ ಮನಸ್ಸು ಭಾರವಾಗುತ್ತದೆ.

ರುದ್ರಿಯಾದ ಉಮಾಶ್ರೀ ಅವರದೂ ಇಂಥದೇ ಎರಡು ದಡದ ಪಯಣ. ಒಂದು ದಡದಲ್ಲಿ ಕಾಶೀನಾಥರ ‘ಅನುಭವ’ದಂಥ ಚಿತ್ರಗಳು, ಇನ್ನೊಂದರಲ್ಲಿ ‘ಒಡಲಾಳ’ ನಾಟಕದ ಸಾಕವ್ವ ಮತ್ತು ‘ಗುಲಾಬಿ ಟಾಕೀಸ್’ನ ಗುಲಾಬಿ. 2013ರಲ್ಲಿ ಅವರು ಶಾಸಕಿಯಾಗಿ ಗೆದ್ದು ಮಂತ್ರಿಯಾದದ್ದು ತೇರದಾಳ ಕ್ಷೇತ್ರದಿಂದ. 1997ರಲ್ಲಿ ಬಾಗಲಕೋಟೆ ಬೇರೆ ಜಿಲ್ಲೆಯಾಗುವವರೆಗೂ ತೇರದಾಳ ನಮ್ಮ ವಿಜಾಪುರ ಜಿಲ್ಲೆಯಲ್ಲೇ ಇತ್ತು.

ಅದೇ ಹಳೆಯ ವಿಜಾಪುರ ಜಿಲ್ಲೆಯ ಬೀಳಗಿಯಿಂದ ಹೊರಟ ಅಮೀರಬಾಯಿ ಕರ್ನಾಟಕಿ ಮುಂಬೈಯಲ್ಲಿ ನಟಿಯಾಗಿ, ಗಾಯಕಿಯಾಗಿ ಮೆರೆದರು. 1943ರ ‘ಕಿಸ್ಮತ್’ ಹಾಡುಗಳು ದೇಶವನ್ನೆಲ್ಲ ಹಿಡಿದವು. ವಿಜಯಪುರದ ಅಮೀರ್ ಟಾಕೀಸ್ ಹೆಸರು ಯಾರದೆಂದು ಹೊಸ ಹುಡುಗರನ್ನು ಕೇಳಿ ನೋಡಿ.

ವಿಜಯಪುರದ ರಂಗಮಂದಿರಕ್ಕೆ ‘ರಕ್ತರಾತ್ರಿ’ ಬರೆದ ಕಂದಗಲ್ಲ ಹನುಮಂತರಾಯರ ಹೆಸರು. ಇದು ಬಹಳ ಜನರಿಗೆ ಗೊತ್ತು, ಆದರೂ ಹೇಳಿದೆ. ನಮ್ಮ ಸೀಮೆಯ ನಟರ ದನಿ ಪಳಗಿದ್ದು ಅಂಥ ನಾಟಕಗಳಲ್ಲಿ, ಜಾತ್ರೆಯ ಟೆಂಟಿನಲ್ಲಿ, ಮೈಕಿಲ್ಲದೆ ಕೊನೆಯ ಸಾಲಿಗೆ ಮಾತು ಮುಟ್ಟಿಸಬೇಕಾದ ದಿನಗಳಲ್ಲಿ.

ಹಾಸ್ಯನಟ ರಾಜು ತಾಳಿಕೋಟಿ ನಮ್ಮ ಜಿಲ್ಲೆಯವರೇ. ಅವರನ್ನು ಪರಿಚಯಿಸುವ ಅಗತ್ಯವಿಲ್ಲ. ಸಿಂದಗಿ ತಾಲ್ಲೂಕಿನ ಚಿಕ್ಕಸಿಂದಗಿಯ ನಂಟು, ತಾಳಿಕೋಟಿಯ ಹೆಸರು, ಖಾಸ್ಗತೇಶ್ವರ ನಾಟ್ಯಸಂಘದ ಗರಡಿ.  ಅವರ ಕುಡುಕನ ನಾಟಕ ಕ್ಯಾಸೆಟ್ಟಿನಲ್ಲಿ ಊರೂರು ಸುತ್ತಿತು. ಯೋಗರಾಜ ಭಟ್ಟರ ‘ಮನಸಾರೆ’ (2009), ‘ಪಂಚರಂಗಿ’ (2010) ಚಿತ್ರಗಳು ಅವರನ್ನು ಬೆಂಗಳೂರಿಗೆ ಪರಿಚಯಿಸಿದವು. ಅವರದು ಪ್ರಯೋಗದ ಸಿನಿಮಾದ ದಾರಿಯಲ್ಲ, ಕಂಪನಿ ನಾಟಕದ ರಾಜಬೀದಿ. ಆದರೆ ಬಿರಾದಾರರನ್ನು ಇರ್ಯಾನಾಗಿ ನೋಡಿದ ಮೇಲೆ ನನಗನ್ನಿಸುವುದಿಷ್ಟು: ತಾಳಿಕೋಟಿಯವರ ಕಣ್ಣಿನಲ್ಲಿಯೂ ಅಂಥದೊಂದು ಪಾತ್ರ ಇತ್ತು. ಅವರು ಧಾರವಾಡ ರಂಗಾಯಣದ ನಿರ್ದೇಶಕರಾಗಿದ್ದರು. 2025ರ ಅಕ್ಟೋಬರ್‌ನಲ್ಲಿ ಕರಾವಳಿಯ ಕಡೆ ಚಿತ್ರೀಕರಣಕ್ಕೆ ಹೋಗಿದ್ದಾಗಲೇ ಹೃದಯಾಘಾತವಾಗಿ ತೀರಿಕೊಂಡರು.

ಮತ್ತೆ ಪ್ರಯೋಗದ ಚಿತ್ರಗಳಿಗೆ ಬರೋಣ. ಕನ್ನಡಕ್ಕೆ ಮೊದಲ ಸ್ವರ್ಣಕಮಲ ತಂದ ‘ಸಂಸ್ಕಾರ’ವನ್ನು (1970) ಸೆನ್ಸಾರ್ ಮಂಡಳಿ ಮೊದಲು ತಡೆಹಿಡಿದಿತ್ತು. ಕ್ಯಾಮೆರಾ ಹಿಡಿದವರು ಆಸ್ಟ್ರೇಲಿಯಾದ ಟಾಮ್ ಕೋವನ್, ಸಂಗೀತ ಸರೋದ್ ವಾದಕ ರಾಜೀವ ತಾರಾನಾಥರದು, ಪ್ರಾಣೇಶಾಚಾರ್ಯನಾಗಿ ಗಿರೀಶ ಕಾರ್ನಾಡ, ನಾರಣಪ್ಪನಾಗಿ ಪಿ. ಲಂಕೇಶ್.

ಚಂದ್ರಿಯಾಗಿದ್ದವರು ಸ್ನೇಹಲತಾ ರೆಡ್ಡಿ. ನಿರ್ದೇಶಕ ಪಟ್ಟಾಭಿರಾಮ ರೆಡ್ಡಿ ಅವರ ಪತ್ನಿ, ಮದ್ರಾಸ್ ಪ್ಲೇಯರ್ಸ್ ನಾಟಕ ತಂಡ ಕಟ್ಟಿದವರಲ್ಲಿ ಒಬ್ಬರು. ತುರ್ತು ಪರಿಸ್ಥಿತಿಯ ಕಾಲದಲ್ಲಿ, 1976ರ ಮೇ ತಿಂಗಳಲ್ಲಿ, ಬರೋಡಾ ಡೈನಮೈಟ್ ಪ್ರಕರಣದ ಹೆಸರಿನಲ್ಲಿ ಅವರನ್ನು ಬಂಧಿಸಿದರು. ಬೆಂಗಳೂರಿನ ಸೆರೆಮನೆಯಲ್ಲಿ ಎಂಟು ತಿಂಗಳು. ಅವರಿಗೆ ಆಸ್ತಮಾ ಇತ್ತು. ಒಳಗೆ ಅದು ವಿಪರೀತವಾಯಿತು. ಆ ಸ್ಥಿತಿಯಲ್ಲೂ ದಿನಚರಿ ಬರೆದರು. 1977ರ ಜನವರಿ 15ರಂದು ಪೆರೋಲ್ ಮೇಲೆ ಹೊರಗೆ ಬಿಟ್ಟರು. ಜನವರಿ 20ರಂದು ತೀರಿಕೊಂಡರು. ಸೆರೆಮನೆಯ ದಿನಚರಿ ಆಮೇಲೆ ಪುಸ್ತಕವಾಯಿತು. ಭೂಗತ ಸಿನಿಮಾ ಎಂದು ಇಂದು ಚಿತ್ರೋತ್ಸವಗಳಲ್ಲಿ ಹಗುರಾಗಿ ಆಡುತ್ತಾರೆ. ಆ ಮಾತಿನ ಪೂರ್ತಿ ಬೆಲೆಯನ್ನು ಈ ಕನ್ನಡ ಚಿತ್ರದ ನಟಿ ತಮ್ಮ ಉಸಿರಿನಿಂದ ತೆತ್ತರು. ಚಂದ್ರಿ ತುಂಬ ಮಾತಾಡುವ ಪಾತ್ರವಲ್ಲ. ಅಗ್ರಹಾರವೆಲ್ಲ ಶಾಸ್ತ್ರದ ಜಗಳದಲ್ಲಿದ್ದಾಗ ನಾರಣಪ್ಪನ ಹೆಣದ ಮುಂದೆ ಕಾಯುತ್ತ ಕೂತವಳು. ಸ್ನೇಹಲತಾ ಅವರ ಕೊನೆಯ ವರ್ಷ ತಿಳಿದವರಿಗೆ ಆ ಮೌನವನ್ನು ಸುಮ್ಮನೆ ನೋಡಿ ಮುಂದೆ ಹೋಗಲಾಗದು.

‘ಕಾಡು’ ಚಿತ್ರದಲ್ಲಿ ಊರಗೌಡನಾಗಿದ್ದವರು ಅಮರೀಶ್ ಪುರಿ. ಹಿಂದಿಯ ದೊಡ್ಡ ಖಳನಾಯಕರಾಗುವುದಕ್ಕೆ ಎಷ್ಟೋ ವರ್ಷ ಮೊದಲಿನ ಮಾತು ಅದು.

ಮಕ್ಕಳೂ ಹಿಂದೆ ಬೀಳಲಿಲ್ಲ. ‘ಕಾಡು’ ಚಿತ್ರದ ಹುಡುಗ ಜಿ.ಎಸ್. ನಟರಾಜ್, ‘ಘಟಶ್ರಾದ್ಧ’ದ (1977) ನಾಣಿಯಾಗಿದ್ದ ಅಜಿತ್ ಕುಮಾರ್ ಇಬ್ಬರಿಗೂ ಬಾಲನಟ ರಾಷ್ಟ್ರಪ್ರಶಸ್ತಿ ಬಂದಿದೆ. ಯಮುನಕ್ಕನಾಗಿ ಮೀನಾ ಕುಟ್ಟಪ್ಪ ನಟಿಸಿದ ಆ ಕಪ್ಪುಬಿಳುಪಿನ ಚಿತ್ರವನ್ನು ಈಗ ದುರಸ್ತಿ ಮಾಡಿ ಹೊಸದರಂತೆ ಮಾಡಿದ್ದಾರೆ. 2024ರಲ್ಲಿ ವೆನಿಸ್ ಚಿತ್ರೋತ್ಸವದ ಕ್ಲಾಸಿಕ್ಸ್ ವಿಭಾಗದಲ್ಲಿ ಅದರ ಪ್ರದರ್ಶನ ನಡೆಯಿತು.

ಸಿನಿಮಾದಲ್ಲಿ ನಮ್ಮ ಕಡೆ ಮಾತು ಯಾಕೆ ಅಷ್ಟೊಂದು ಸಲ ಕೃತಕವಾಗಿ ಕೇಳಿಸುತ್ತದೆ? ಬರೆದವರ ತಪ್ಪಷ್ಟೇ ಅಲ್ಲ, ಕೆಲಸದ ಕ್ರಮವೂ ಕಾರಣ. ಬಹುಕಾಲ ನಮ್ಮಲ್ಲಿ ಶೂಟಿಂಗ್ ಮುಗಿದು ತಿಂಗಳಾದ ಮೇಲೆ ಸ್ಟುಡಿಯೋದ ಕೋಣೆಯಲ್ಲಿ ನಿಂತು, ತೆರೆಯ ಮೇಲಿನ ತುಟಿಗೆ ಸರಿಯಾಗಿ ಡಬ್ಬಿಂಗ್ ಮಾಡುತ್ತಿದ್ದರು. ವೃತ್ತಿಯ ನಟನಿಗೆ ಇದು ಅಭ್ಯಾಸ. ಹೊಲದಿಂದ ಕರೆತಂದು ನಿಲ್ಲಿಸಿದವರಿಗೆ ಇದು ಆಗದ ಕೆಲಸ. ಬಿಸಿಲಲ್ಲಿ ಎಮ್ಮೆ ಅಟ್ಟುತ್ತ ಆಡಿದ ಮಾತನ್ನು ತಣ್ಣಗಿನ ಕೋಣೆಯಲ್ಲಿ ಎರಡನೇ ಸಲ ಆಡು ಎಂದರೆ ಹೇಗೆ ಬಂದೀತು? ಬಾಯಿ ತಾನಾಗಿ ಪುಸ್ತಕದ ಭಾಷೆಗೆ ತಿರುಗುತ್ತದೆ. ಆದ್ದರಿಂದ ಸ್ಥಳದಲ್ಲೇ ಧ್ವನಿ ಹಿಡಿಯುವ ಸಿಂಕ್ ಸೌಂಡ್ ಬಂದ ಮೇಲೆ ಊರಿನ ಜನ ತೆರೆಯ ಮೇಲೆ ನಿಜವಾಗಿ ಬಾಯಿಬಿಟ್ಟರು. ಶೂಟಿಂಗ್ ತಂಡಕ್ಕೆ ಇದು ಸುಲಭವಲ್ಲ. ದೂರದಲ್ಲಿ ಟ್ರ್ಯಾಕ್ಟರ್ ಬಂದರೂ, ಮಸೀದಿಯ ಬಾಂಗು, ಗುಡಿಯ ಗಂಟೆ ಕೇಳಿದರೂ ನಿಲ್ಲಬೇಕು, ಮತ್ತೆ ತೆಗೆಯಬೇಕು.

‘ತಿಥಿ’ ಈ ದಾರಿಯ ದೊಡ್ಡ ಗೆಲುವು. ಮಂಡ್ಯದ ನೊದೆಕೊಪ್ಪಲಿನ ಕಡೆ, ನಟನೆ ಗೊತ್ತಿಲ್ಲದ ಊರಿನವರನ್ನೇ ಇಟ್ಟುಕೊಂಡು ರಾಮ್ ರೆಡ್ಡಿ ಮಾಡಿದ ಚಿತ್ರ. ಕಥೆ ಕಟ್ಟಿದ ಈರೇಗೌಡರು ಅದೇ ಊರಿನವರು. 2015ರಲ್ಲಿ ಲೊಕಾರ್ನೋ ಚಿತ್ರೋತ್ಸವದ ಎರಡು ಪ್ರಶಸ್ತಿ ಬಂದವು. ಗಡ್ಡಪ್ಪ, ಸೆಂಚುರಿ ಗೌಡ ಎಂಬ ಪಾತ್ರದ ಹೆಸರುಗಳೇ ಆ ನಟರಿಗೆ ಹೆಸರಾಗಿ ಉಳಿದವು.

ಮಗನ ಹೆಣವನ್ನು ಟ್ರಂಕಿನಲ್ಲಿಟ್ಟು ಬಸ್ಸಿನಲ್ಲಿ ಊರಿಗೆ ಒಯ್ಯುವ ಉತ್ತರ ಕರ್ನಾಟಕದ ರೈತ ಶರಣಪ್ಪ. ‘ಹರಿವು’ (2014) ಚಿತ್ರದಲ್ಲಿ ಆ ಪಾತ್ರ ಸಂಚಾರಿ ವಿಜಯ್ ಅವರದು. ವೈದ್ಯೆ ಡಾ. ಆಶಾ ಬೆನಕಪ್ಪ ಬರೆದಿದ್ದ ನಿಜ ಘಟನೆ ಚಿತ್ರಕ್ಕೆ ಆಧಾರ. ವಿಜಯ್ ಕಡೂರು ತಾಲ್ಲೂಕಿನವರು, ಸಂಚಾರಿ ರಂಗತಂಡದಲ್ಲಿ ಬೆಳೆದವರು. ಆ ವರ್ಷದ ರಾಷ್ಟ್ರಪ್ರಶಸ್ತಿಗಳಲ್ಲಿ ‘ಹರಿವು’ ಕನ್ನಡದ ಅತ್ಯುತ್ತಮ ಚಿತ್ರವಾಯಿತು, ‘ನಾನು ಅವನಲ್ಲ ಅವಳು’ ವಿಜಯ್ ಅವರನ್ನು ಅತ್ಯುತ್ತಮ ನಟನನ್ನಾಗಿಸಿತು. 2021ರ ಜೂನ್‌ನಲ್ಲಿ ಬೈಕ್ ಅಪಘಾತ ಅವರನ್ನು ಕೊಂಡೊಯ್ದಿತು. ಅವರ ಅಂಗಾಂಗಗಳನ್ನು ಮನೆಯವರು ದಾನ ಮಾಡಿದರು.

ಮಗನ ಚಿತ್ರದಲ್ಲಿ ಅಪ್ಪನೇ ನಾಯಕ! ನಟೇಶ್ ಹೆಗಡೆ ಅವರ ‘ಪೆಡ್ರೊ’ (2021) ಚಿತ್ರದಲ್ಲಿ ಎಲೆಕ್ಟ್ರಿಷಿಯನ್ ಪಾತ್ರ ಮಾಡಿದವರು ಅವರ ತಂದೆ ಗೋಪಾಲ ಹೆಗಡೆ. ನಿಜ ಬದುಕಿನಲ್ಲೂ ಅವರದು ಅದೇ ಕಸುಬು. ದಕ್ಷಿಣ ಕೊರಿಯಾದ ಬುಸಾನ್ ಚಿತ್ರೋತ್ಸವದ ಸ್ಪರ್ಧೆಗೆ ಹೋದ ಚಿತ್ರ ಅದು. ಅದರ ನಿರ್ಮಾಣದ ಹಿಂದಿದ್ದವರು ರಿಷಬ್ ಶೆಟ್ಟಿ. ಕನ್ನಡಕ್ಕೆ ನಾಲ್ಕನೆಯ ಸಲ ಅತ್ಯುತ್ತಮ ನಟ ಪ್ರಶಸ್ತಿ ತಂದವರು ಅವರೇ.

ಮುದ್ದೇಬಿಹಾಳದಿಂದ ಕೃಷ್ಣೆ ದಾಟಿ ಹುನಗುಂದ, ಕುಷ್ಟಗಿಯ ಮೇಲೆ ದಕ್ಷಿಣಕ್ಕೆ ಇಳಿದರೆ ಕೊಪ್ಪಳ ಜಿಲ್ಲೆಯ ಯರೇಹಂಚಿನಾಳ ಸಿಗುತ್ತದೆ. ಕರಿಮಣ್ಣಿನ ಊರು. ನಿರ್ದೇಶಕ ಜೈಶಂಕರ್ ಆರ್ಯರ್ ಅಲ್ಲಿ ‘ಶಿವಮ್ಮ’ ಚಿತ್ರ ಮಾಡಿದರು. ಶಿವಮ್ಮ ಶಾಲೆಯಲ್ಲಿ ಬಿಸಿಯೂಟ ಮಾಡುವಾಕೆ. ಗಂಡನಿಗೆ ಲಕ್ವಾ ಹೊಡೆದಿದೆ. ಕುಡಿದರೆ ಶಕ್ತಿ ಬರುತ್ತದೆಂದು ಹೇಳುವ ಪುಡಿಯೊಂದನ್ನು ನಂಬಿ, ಮೊದಲು ಗಂಡನಿಗೆ ಕುಡಿಸಿ, ಆಮೇಲೆ ಅದನ್ನೇ ಊರೆಲ್ಲ ಮಾರಲು ಹೊರಡುತ್ತಾಳೆ. ಒಬ್ಬರನ್ನು ಸೇರಿಸಿದರೆ ಇಷ್ಟು, ಅವರು ಇನ್ನಿಬ್ಬರನ್ನು ಸೇರಿಸಿದರೆ ಇಷ್ಟು ಎಂಬ ಆ ಚೈನ್ ವ್ಯವಹಾರ ಬಾಗೇವಾಡಿಯಲ್ಲಿ, ಇಂಡಿಯಲ್ಲಿ ಎಷ್ಟು ಮನೆಗಳ ಕಟ್ಟೆಗೆ ಬಂದು ಕೂತು ಹೋಗಿದೆಯೋ! ಸಿನಿಮಾ ನಟಿಯೆಂದು ಯಾರಿಗೂ ಪರಿಚಯವಿಲ್ಲದ ಶರಣಮ್ಮ ಚೆಟ್ಟಿ ಶಿವಮ್ಮನಾದರು. ಹೆಚ್ಚಿನ ಪಾತ್ರಗಳಲ್ಲಿ ಆ ಸೀಮೆಯ ಜನರೇ ಇದ್ದಾರೆ.

ಶರಣಮ್ಮನವರ ಅಭಿನಯದಲ್ಲಿ ನನ್ನನ್ನು ಹಿಡಿದಿಟ್ಟದ್ದು ಅವರು ಅನುಕಂಪ ಬೇಡುವುದೇ ಇಲ್ಲ ಎಂಬುದು. ಮೋಸ ಹೋಗುತ್ತಿರುವ ಹೆಂಗಸನ್ನು ಅಳುಮುಂಜಿಯಾಗಿ ಮಾಡುವುದು ಸುಲಭ. ಇವರ ಶಿವಮ್ಮ ಸೆರಗು ಸಿಗಿಸಿಕೊಂಡು, ಚೀಲ ಹೆಗಲಿಗೇರಿಸಿ, ನೆಟ್ಟಗೆ ನಡೆಯುತ್ತಾಳೆ. ಮಕ್ಕಳಿಗೆ ನಾಚಿಕೆಯಾದರೂ ನಿಲ್ಲುವುದಿಲ್ಲ, ಊರು ಆಡಿಕೊಂಡರೂ ನಿಲ್ಲುವುದಿಲ್ಲ. ಅವಳ ನಂಬಿಕೆ ತಪ್ಪೆಂದು ನಮಗೆ ಗೊತ್ತಿದ್ದರೂ ಅವಳು ಗೆಲ್ಲಲೆಂದು ಹಾರೈಸುತ್ತ ಕೂರುತ್ತೇವೆ. 2022ರ ಬುಸಾನ್ ಚಿತ್ರೋತ್ಸವದಲ್ಲಿ ‘ಶಿವಮ್ಮ’ನಿಗೆ ನ್ಯೂ ಕರೆಂಟ್ಸ್ ಪ್ರಶಸ್ತಿ ಬಂತು. ಏಷ್ಯಾದ ಹೊಸ ನಿರ್ದೇಶಕರಿಗೆ ಆಗ ಅಲ್ಲಿ ಕೊಡುತ್ತಿದ್ದ ದೊಡ್ಡ ಗೌರವ ಅದು. ಆದರೂ ಇಲ್ಲಿಯ ಟಾಕೀಸುಗಳಿಗೆ ಚಿತ್ರ ಬಂದದ್ದು 2024ರಲ್ಲಿ. ಬುಸಾನಿನ ಜನ ಕೊಪ್ಪಳದ ಮಾತನ್ನು ನಮಗಿಂತ ಸುಮಾರು ಎರಡು ವರ್ಷ ಮೊದಲೇ ಕೇಳಿದರು.

ಟಾಕೀಸಿಗೆ ಬಾರದ ಚಿತ್ರಗಳು ಹಳ್ಳಿಗೆ ಬಂದ ಕಾಲವೂ ಇತ್ತು. ಹೆಗ್ಗೋಡಿನ ನೀನಾಸಮ್ 1973ರಲ್ಲೇ ಚಿತ್ರಸಮಾಜ ಶುರುಮಾಡಿ, ಸತ್ಯಜಿತ್ ರಾಯ್ ಮತ್ತು ಹೊರದೇಶದ ನಿರ್ದೇಶಕರ ಚಿತ್ರಗಳನ್ನು ರೈತರಿಗೆ, ಹೆಂಗಸರಿಗೆ, ಮಕ್ಕಳಿಗೆ ತೋರಿಸಿತು. ದೂರದರ್ಶನ ಭಾನುವಾರ ಮಧ್ಯಾಹ್ನ ಪ್ರಾದೇಶಿಕ ಭಾಷೆಯ ಪ್ರಶಸ್ತಿ ಚಿತ್ರಗಳನ್ನು ಹಾಕುತ್ತಿದ್ದದ್ದು ಮಧ್ಯವಯಸ್ಸಿನವರಿಗೆ ನೆನಪಿರಬಹುದು. ವಿಜಯಪುರದಿಂದ ಬೆಂಗಳೂರಿನ ಚಿತ್ರೋತ್ಸವಕ್ಕೆ ಐನೂರು ಕಿ.ಮೀ.ಗೂ ಹೆಚ್ಚು ದಾರಿ. ಇಂಡಿ, ಸಿಂದಗಿ, ಬಾಗೇವಾಡಿ, ಮುದ್ದೇಬಿಹಾಳ ತಾಲ್ಲೂಕುಗಳ ಕಾಲೇಜುಗಳಲ್ಲಿ ಪ್ರೊಜೆಕ್ಟರ್ ಇವೆ, ಸಭಾಂಗಣಗಳಿವೆ. ತಿಂಗಳಿಗೊಂದು ಇಂಥ ಚಿತ್ರ ಹಾಕಲು ಇನ್ನೇನು ಬೇಕು?

ನಟನೆ ಕಲಿಯಬೇಕೆನ್ನುವ ಹುಡುಗ ಹುಡುಗಿಯರಿಗೆ ಕೊನೆಯದೊಂದು ಮಾಹಿತಿ. ಬೆಂಗಳೂರು, ಮುಂಬೈಗೇ ಹೋಗಬೇಕೆಂದಿಲ್ಲ. ನೀನಾಸಮ್ ರಂಗಶಿಕ್ಷಣ ಕೇಂದ್ರ 1980ರಿಂದ ನಡೆಯುತ್ತಿದೆ, ಕೋರ್ಸ್ ಒಂದು ವರ್ಷದ್ದು. ನಟ ಅಚ್ಯುತ್ ಕುಮಾರ್ ಕಲಿತದ್ದು ಅಲ್ಲಿಯೇ. ಸರ್ಕಾರದ ರಂಗಾಯಣ ಧಾರವಾಡದಲ್ಲೂ ಇದೆ, ಕಲಬುರಗಿಯಲ್ಲೂ ಇದೆ. ಇಂಡಿ, ಸಿಂದಗಿಯವರಿಗೆ ಕಲಬುರಗಿ ಹತ್ತಿರ. ಹೋಗುವ ಮೊದಲು ಊರಿನ ಮಾತನ್ನು ತಿದ್ದಿಕೊಳ್ಳುವ ಗೊಡವೆಗೆ ಹೋಗಬೇಡಿ. ಇರ್ಯಾ, ಶಿವಮ್ಮ ಇಬ್ಬರೂ ನಮ್ಮ ಸೀಮೆಯ ಮಾತಿನಲ್ಲೇ ಸಮುದ್ರ ದಾಟಿದವರು.